ಟ್ಯೂನ್ ಕದ್ದವರು

ಮಾರುತೇಶನಿಗೆ ತನ್ನ ನೆರಳಿನ ಮೇಲೂ ಅನುಮಾನ. ಚಿತ್ರದುರ್ಗದ ಮದುವೆ ಆರ್ಕೆಸ್ಟ್ರಾಗಳಲ್ಲಿ ಇಪ್ಪತ್ತು ವರ್ಷ ಬೇರೆಯವರ ಹಾಡಿಗೆ ಕೀಬೋರ್ಡ್ ನುಡಿಸಿದ ಮನುಷ್ಯ, ನಲವತ್ತೆರಡನೇ ವಯಸ್ಸಿಗೆ ಮೊದಲ ಸಲ ಒಂದು ಸಿನಿಮಾಕ್ಕೆ ಸಂಗೀತ ಮಾಡಿದ್ದ. ಗೆಳೆಯ ಚೇತನ್‌ಕುಮಾರ್ ಸ್ವಂತ ಕ್ಯಾಮೆರಾ ಹಿಡಿದು ತೆಗೆದ ಪುಟ್ಟ ಸಿನಿಮಾ ಅದು. ತೆರೆಯ ಮೇಲೆ ‘ಸಂಗೀತ: ಮಾರುತೇಶ್’ ಅಂತ ಬಂದುಬಿಟ್ಟರೆ ಸಾಕು, ಬದುಕಿನಲ್ಲಿ ಇನ್ನೇನೂ ಬೇಡ ಅನ್ನುವಷ್ಟು ಆಸೆ ಅವನಿಗೆ. ಅದಕ್ಕೇ ಟ್ಯೂನನ್ನು ವಾಟ್ಸಾಪಿನಲ್ಲಿ ಕಳಿಸಲಿಲ್ಲ. ಪೆನ್‌ಡ್ರೈವನ್ನು ಒಳಜೇಬಿನಲ್ಲಿಟ್ಟು ತಾನೇ ಒಯ್ದು ಕೊಟ್ಟ. ಹೆಂಡತಿ ಹೇಮಾವತಿ ಅದನ್ನು ಗುನುಗಿದರೂ ಎದ್ದು ಕಿಟಕಿ ಮುಚ್ಚುತ್ತಿದ್ದ.

ಹೀಗಿರುವಾಗ ಭರಮಸಾಗರದ ಮದುವೆಯೊಂದಕ್ಕೆ ನುಡಿಸಲು ಹೋದ. ಕೈ ತೊಳೆಯಲು ಛತ್ರದ ಹಿಂದಕ್ಕೆ ಬಂದರೆ, ಈರುಳ್ಳಿ ಹೆಚ್ಚುತ್ತಿದ್ದ ಹೆಂಗಸರು ಅದೇ ಟ್ಯೂನನ್ನು ಹಾಡುತ್ತಿದ್ದಾರೆ! ಅವನಿಗೆ ಮೈಯೆಲ್ಲ ಉರಿದುಹೋಯಿತು. ಸಿನಿಮಾ ಇನ್ನೂ ಎಡಿಟಿಂಗ್‌ನಲ್ಲಿದೆ, ಟ್ಯೂನ್ ಆಗಲೇ ಅಡುಗೆಮನೆ ಸೇರಿದೆ. ನಿಂತಲ್ಲಿಂದಲೇ ಚೇತನ್‌ಗೆ ಫೋನ್ ಮಾಡಿದ.

“ಯಾರಿಗ್ ಕೊಟ್ಟೆಲೇ ನನ್ ಟ್ಯೂನು?”

“ನಮ್ಮವ್ವನಾಣೆ, ಯಾರಿಗೂ ಕೇಳ್ಸಿಲ್ಲ.”

“ಆಣೆ ಹಾಕೋರ್ನ ಬಾಳ ನೋಡೀನಿ. ಸಾಕ್ಷಿ ಇಲ್ಲೇ ಐತೆ, ಇರು” ಎಂದವನೇ ಫೋನ್ ಹಿಡಿದುಕೊಂಡೇ ಹೋಗಿ, ನಡುವೆ ಕೂತಿದ್ದ ಹಿರಿಯಳನ್ನು ಕೇಳಿದ: “ಅಮ್ಮಾ, ಈ ಹಾಡು ಎಲ್ಲಿ ಸಿಕ್ತು ನಿಮಗೆ?”

“ಸಿಗಾಕೇನೈತಪ್ಪ, ಕಳೆ ಕೀಳ್ವಾಗ ನಮ್ಮತ್ತೆ ಕಾಲದಿಂದ್ಲೂ ಹಾಡ್ತೀವಿ.” ಆಕೆ ಈರುಳ್ಳಿಯ ಕಣ್ಣೀರು ಒರೆಸಿಕೊಂಡು ಅವನನ್ನೇ ದಿಟ್ಟಿಸಿದಳು. “ಅಲ್ಲಾ, ಶ್ರಾವಣದಾಗೆ ನಮ್ಮ ಹೊಲದ ಬದುವಿನ ಮೇಲೆ ಬೆಕ್ಕಿನ ಬಾಲದಂಥ ಮೈಕು ಹಿಡ್ಕಂಡು ಕುಂತಿದ್ದೋನು ನೀನೇ ಅಲ್ಲೇನು?”

ಹೌದು, ಅವನೇ. ಸಿನಿಮಾಕ್ಕೆ ಹೊಲದ ಗಾಳಿಯ ಸದ್ದು ಬೇಕೆಂದು ಒಂದು ಗಂಟೆ ರೆಕಾರ್ಡ್ ಮಾಡಿದ್ದ. ಅದರಲ್ಲಿನ ಟ್ರ್ಯಾಕ್ಟರ್ ಸದ್ದು ತೆಗೆಯಲು ಹದಿನೈದು ದಿನ ಅದನ್ನೇ ಕಿವಿಗೆ ಹಾಕಿಕೊಂಡು ಕೂತಿದ್ದ. ದೂರದಲ್ಲೆಲ್ಲೋ ಹೆಂಗಸರ ದನಿಯೂ ಇತ್ತು. ಬೇಡದ ಗದ್ದಲವೆಂದು ಅದನ್ನೂ ಅಳಿಸಿದ್ದ. ಆಮೇಲೊಂದು ಬೆಳಿಗ್ಗೆ ಸ್ನಾನ ಮಾಡುವಾಗ ಟ್ಯೂನ್ ತಾನಾಗಿಯೇ ಹೊಳೆದಿತ್ತು. ಮಾರುತೇಶನಿಗೆ ನಾಚಿಕೆಯಿಂದ ನಿಲ್ಲಲಾಗಲಿಲ್ಲ.

“ಏನಂತಲೇ ನಿನ್ ಸಾಕ್ಷಿ?” ಚೇತನ್ ಫೋನಿನಲ್ಲಿ ಕೂಗುತ್ತಿದ್ದ.

“ತಪ್ಪಾತು ಮಾರಾಯ. ಟೈಟಲ್‌ನಾಗಿಂದ ನನ್ ಹೆಸ್ರು ತೆಗಿ.”

“ತೆಗ್ದು ಯಾರ್ದು ಹಾಕ್ಲಿ?”

ಮಾರುತೇಶ ಆಕೆಯ ಮುಂದೆ ಕುಕ್ಕರುಗಾಲಲ್ಲಿ ಕೂತ. “ಅಮ್ಮಾ, ನಿಮ್ ಹೆಸ್ರು ಹೇಳ್ರಿ, ಬರ್ಕಂತೀನಿ.”

ಹೆಚ್ಚುವ ಕೈಗಳೆಲ್ಲ ನಿಂತವು. ಆಕೆ ಸೆರಗು ಬಿಗಿ ಮಾಡಿಕೊಂಡು ಅವನ ಫೋನನ್ನೊಮ್ಮೆ, ಮುಖವನ್ನೊಮ್ಮೆ ನೋಡಿದಳು.

“ಹಾಡು ತಗಂಡು ಹೋಗುವಾಗ ಕೇಳ್ಲಿಲ್ಲ. ಈಗ ಹೆಸ್ರು ಬ್ಯಾರೆ ಬೇಕಾ ನಿನಗೆ?”