ಬೆನ್ನಿನ ಬಕಲ್

ಕುರ್ಚಿಯಲ್ಲಿ ಕೂತರೂ ಅವರ ಮೊಣಕಾಲುಗಳು ಒಂದಕ್ಕೊಂದು ಅಂಟಿಕೊಂಡೇ ಇರುತ್ತಿದ್ದವು. ಪ್ಯಾರಾಚೂಟಿನಲ್ಲಿ ಇಳಿಯುವವನು ಕಾಲು ಅಗಲಿಸಿದರೆ ಮೂಳೆ ಉಳಿಯುವುದಿಲ್ಲವಂತೆ. ಹಾರುವುದು ನಿಂತು ಎಷ್ಟೋ ವರ್ಷವಾಗಿತ್ತು. ಆ ಕಾಲುಗಳಿಗೆ ಮಾತ್ರ ಸುದ್ದಿ ಮುಟ್ಟಿರಲಿಲ್ಲ. ನಾವು ಅವರನ್ನು ಕರ್ನಲ್ ಅನ್ನುತ್ತಿದ್ದೆವು. ಫ್ರೆಂಚ್ ಸೈನ್ಯದವರು. ಹರೆಯದಲ್ಲಿ ಇಂಡೋಚೀನಾದ ಯುದ್ಧ, ಆಮೇಲೆ ಅಲ್ಜೀರಿಯಾ. ಎರಡೂ ದೇಶ ಫ್ರಾನ್ಸಿನ ಕೈಬಿಟ್ಟು ಹೋದ ಮೇಲೆ ಸೈನ್ಯವನ್ನೇ ಬಿಟ್ಟವರು.

ತೊಂಬತ್ತರ ದಶಕದಲ್ಲಿ ನಾನು ದುಬೈಯ ಅಲ್ ಕೂಜ್‌ನ ಒಂದು ಗೋದಾಮಿನಲ್ಲಿ ಸ್ಟೋರ್‌ಕೀಪರ್. ಎತ್ತರದ ಕಟ್ಟಡಗಳ ಗಾಜು ಒರೆಸುವವರಿಗೆ ಹಗ್ಗ, ಮೈಗೆ ಬಿಗಿಯುವ ಬೆಲ್ಟು ಕೊಟ್ಟು ತರಬೇತಿ ಮಾಡುವ ಕಂಪನಿ. ತರಬೇತಿ ಕರ್ನಲರದು. ಹಿಂದಿನ ಅಂಗಳದ ಕಬ್ಬಿಣದ ಗೋಪುರ ಹತ್ತುವ ಮೊದಲು ಎಲ್ಲರೂ ಅವರಿಗೆ ಬೆನ್ನು ತಿರುಗಿಸಿ ನಿಲ್ಲಬೇಕು. ಅವರು ಬೆನ್ನಿನ ಬಕಲನ್ನು ಎಳೆದು ನೋಡಿ, ಭುಜಕ್ಕೆ ಎರಡು ಸಲ ತಟ್ಟಿ "ಯಲ್ಲಾ!" ಅಂದ ಮೇಲೆಯೇ ಹತ್ತುವುದು. ಅರಬಿಯಲ್ಲಿ ಅದು 'ನಡಿ' ಅಂದಂತೆ.

"ವಿಮಾನದ ಬಾಗಿಲಲ್ಲಿ ನಾವು ಹೀಗೇ ಮಾಡುತ್ತಿದ್ದೆವು. ಯಾರಿಗೂ ತನ್ನ ಬೆನ್ನು ಕಾಣುವುದಿಲ್ಲ ನೋಡು," ಎಂದು ತಮ್ಮ ಮುರುಕು ಇಂಗ್ಲಿಷಿನಲ್ಲಿ ಹೇಳಿ ನನಗೂ ಅದನ್ನು ಕಲಿಸಿದರು.

ಒಂದು ಶುಕ್ರವಾರ ನಮ್ಮ ಮನೆಗೆ ಊಟಕ್ಕೆ ಬಂದವರು ಅನ್ನವನ್ನು ನೋಡುತ್ತ ಕೂತರು. ಇಂಡೋಚೀನಾದಲ್ಲಿ ಮೊದಲ ಸಲ ಹಾರಿದಾಗ ನಾಟಿ ಮಾಡಿದ ಗದ್ದೆಗೆ ಬಿದ್ದಿದ್ದರಂತೆ. ಬದುವಿನ ಮೇಲೆ ಒಬ್ಬಳು ಮುದುಕಿ, ಬಂದೂಕಿಗೂ ಹೆದರದೆ ಬೈದೇ ಬೈದಳಂತೆ.

"ಬೈಯದೆ ಮತ್ತೆಂತ ಮಾಡುದು ಮಾರಾಯ್ರೆ? ನೇಜಿ ನೆಟ್ಟವಳ ಸೊಂಟಕ್ಕೆ ಗೊತ್ತುಂಟು!" ಅಂದಳು ನನ್ನವಳು. ನೇಜಿ ಅಂದರೆ ಭತ್ತದ ಸಸಿ ಎಂದು ಸೇರಿಸಿ ನಾನು ಅರ್ಥ ಹೇಳಿದೆ. ಕರ್ನಲ್ ನಕ್ಕು, ತಟ್ಟೆಯಲ್ಲಿ ಒಂದು ಅಗುಳೂ ಬಿಡದೆ ಉಂಡರು.

ಅವರಿಗೆ ಬೆನ್ನು ಕೊಡದವನು ಒಬ್ಬನೇ, ನಮ್ಮ ಫೋರ್‌ಮನ್. ಅವನು ಅಲ್ಜೀರಿಯಾದವನು. ಕೈಯನ್ನು ಹಿಂದಕ್ಕೆ ತಿರುಚಿ, ಬಕಲನ್ನು ತಾನೇ ತಡವಿಕೊಂಡು ಹತ್ತುತ್ತಿದ್ದ. ಅವನು ಇಳಿಯುವ ತನಕ ಕರ್ನಲ್ ಕೆಳಗೆ ಕತ್ತೆತ್ತಿಯೇ ನಿಂತಿರುತ್ತಿದ್ದರು. ಒಂದು ದಿನ ಚಹಾದ ಹೊತ್ತಿಗೆ ಅವನೇ ಎದುರು ಬಂದು ಕೇಳಿದ: "ನಾನು ಚಿಕ್ಕವನಿದ್ದಾಗ ನಿನ್ನ ಪ್ಯಾರಾಚೂಟ್ ಪಡೆಯ ಕೆಂಪು ಟೋಪಿಯವರು ನನ್ನ ಅಪ್ಪನನ್ನು ಮನೆಯಿಂದ ಎಳೆದುಕೊಂಡು ಹೋದರು. ಅಪ್ಪ ತಿರುಗಿ ಬರಲಿಲ್ಲ. ಅವರಲ್ಲಿ ನೀನಿದ್ದೆಯಾ?"

ಕರ್ನಲ್ ಲೋಟ ಕೆಳಗಿಟ್ಟರು. "ನಿನ್ನ ಮನೆಯೋ, ಗೊತ್ತಿಲ್ಲ. ಅಂಥ ಮನೆಗಳಿಗೆ ನಾನೂ ಹೋಗಿದ್ದೇನೆ."

ಆಮೇಲೆ ಫೋರ್‌ಮನ್ ಅವರೊಡನೆ ಮಾತೇ ಆಡಲಿಲ್ಲ. ಸಂಜೆ ಮನೆಯಲ್ಲಿ, "ಮುದುಕ ಪಾಪ, ಅವ ಒಮ್ಮೆ ಕ್ಷಮಿಸಿದ್ರೆ ಎಂತ ಆಗ್ತಿತ್ತು?" ಅಂದೆ.

"ಹೋದದ್ದು ಅವನ ಅಪ್ಪ ಅಲ್ವಾ? ನಿಮ್ಗೆಂತ ಅವಸರ?" ಅಂದಳು ಇವಳು.

ಮರುವರ್ಷ ಕರ್ನಲರಿಗೆ ಶ್ವಾಸಕೋಶದ ಕಾಯಿಲೆ ಬಂತು. ಫ್ರಾನ್ಸಿನಲ್ಲಿರುವ ಮಗಳ ಮನೆಗೆ ಹೊರಡುವ ಮೊದಲು ಕೋಲೂರಿಕೊಂಡು ಅಂಗಳಕ್ಕೆ ಬಂದರು. ಕಲಿಯಲು ಬಂದವರೆಲ್ಲ ಸಾಲಾಗಿ ನಿಂತರು. ಸಾಲಿನ ಕೊನೆಗೆ ಬೆಲ್ಟು ಹಾಕಿಕೊಂಡು ಫೋರ್‌ಮನ್ ಬಂದ. ಬೆನ್ನು ತಿರುಗಿಸಿ ನಿಂತ.

ಕರ್ನಲ್ ಕೋಲನ್ನು ನನ್ನ ಕೈಗೆ ಕೊಟ್ಟರು. ಬಕಲನ್ನು ಎಳೆದು ನೋಡಿದರು, ಇನ್ನೊಮ್ಮೆ ನೋಡಿದರು. ಭುಜದವರೆಗೆ ಎತ್ತಿದ ಕೈ ಅಲ್ಲೇ ನಿಂತಿತು.

"ಯಾಕೆ, ಸರಿ ಇಲ್ಲವಾ?" ತಿರುಗಿ ನೋಡದೆಯೇ ಕೇಳಿದ ಫೋರ್‌ಮನ್.

ಕರ್ನಲ್ ಎರಡು ಸಲ ತಟ್ಟಿದರು. "ಯಲ್ಲಾ," ಎಂದು ತಾನೇ ಹೇಳಿಕೊಂಡು ಫೋರ್‌ಮನ್ ಹತ್ತಿದ.

ಕರ್ನಲ್ ತೀರಿಕೊಂಡರೆಂದು ಮಗಳ ಫೋನು ಬಂದದ್ದು ಚಳಿಗಾಲದಲ್ಲಿ. ಸುದ್ದಿ ಹೇಳಿದಾಗ ಫೋರ್‌ಮನ್ ಕೈಯಲ್ಲಿದ್ದ ಹಗ್ಗ ಸುತ್ತಿಟ್ಟ. "ಆ ದಿನ ನಾನು ಕೇಳಿದಾಗ ಇಲ್ಲ ಅಂತ ಸುಳ್ಳು ಹೇಳಬಹುದಿತ್ತು. ಹೇಳಲಿಲ್ಲ," ಅಂದ.

ಆಮೇಲೆ ಬೆಲ್ಟು ಹಾಕಿಕೊಂಡು ನನ್ನ ಮುಂದೆ ಬಂದು ಬೆನ್ನು ತಿರುಗಿಸಿದ. ಕರ್ನಲ್ ಕಲಿಸಿದಂತೆಯೇ ಬಕಲನ್ನು ಎಳೆದು ನೋಡಿದೆ. ಭುಜಕ್ಕೆ ಎರಡು ಸಲ ತಟ್ಟಿದೆ.