ಊಟದ ಮಣೆ, ಬೂಟಿನ ತಾಳ

ಡಾಲಸ್ ಪಕ್ಕದ ಲೂಯಿಸ್‌ವಿಲ್‌ನಲ್ಲಿ ಗೆಳತಿ ಶೈಲಾಳ ಮನೆ. ಭಾನುವಾರ ಮಧ್ಯಾಹ್ನ ಅವಳ ಹಾಲ್‌ನಲ್ಲೇ ಒಂದು ಅಮೆರಿಕನ್ ಜಾನಪದ ಗಾಯನ. ಹಾಡಲು ಬಂದಾಕೆ ಇಪ್ಪತ್ತು ವರ್ಷದಿಂದ ಒಬ್ಬಳೇ ಕಾರು ಓಡಿಸಿಕೊಂಡು, ಊರೂರಿನ ಮನೆಗಳಲ್ಲಿ ಹೀಗೆ ಹಾಡುತ್ತಾಳಂತೆ. ನಾವು ರೂಢಿಯಂತೆ ಅವಳ ಬೂಟುಗಳನ್ನು ಬಾಗಿಲಲ್ಲೇ ಬಿಡಿಸಿದೆವು.

ಮೊದಲ ಹಾಡು ಸಪ್ಪೆಯಾಯಿತು. ಎರಡನೆಯದನ್ನು ನಡುವೆಯೇ ನಿಲ್ಲಿಸಿ, "ನನ್ನ ಡ್ರಮ್ ಹೊರಗೇ ಉಳಿಯಿತು," ಎಂದು ಸಂಕೋಚದಿಂದ ಬಾಗಿಲು ತೋರಿಸಿದಳು. ಅವಳ ತಾಳವೆಲ್ಲ ಬೂಟಿನ ಹಿಮ್ಮಡಿಯಲ್ಲಿತ್ತು! ಕಾರ್ಪೆಟ್ ಮೇಲೆ ಬರಿಗಾಲು ಏನು ಸದ್ದು ಮಾಡೀತು?

ಶೈಲಾಳ ಧಾರವಾಡದ ಅತ್ತೆ ಎದ್ದು ಬೂಟುಗಳನ್ನು ತಂದರು. ತಾವು ಊಟಕ್ಕೆ ಕೂರುವ ಮರದ ಮಣೆಯನ್ನೂ ತಂದು ಮುಂದಿಟ್ಟು, "ಇದರ ಮ್ಯಾಲ ಕುಟ್ಟವಾ," ಎಂದು ಸನ್ನೆ ಮಾಡಿದರು.

"ಅತ್ತೀ, ನಿಮ್ಮ ಊಟದ ಮಣೀರಿ ಅದು!" ಎಂದಳು ಶೈಲಾ.

"ಇರ್ಲಿ ಬಿಡ. ಆಕಿ ಹೊಟ್ಟಿಪಾಡು ನಡೀಬೇಕಲ್ಲ."

ಮಣೆಯ ಟಕಟಕ ಸದ್ದಿಗೆ ಇಡೀ ಹಾಲ್ ಎದ್ದು ಕೂತಿತು.

ಹ್ಯೂಸ್ಟನ್, ಆಮೇಲೆ ಆಸ್ಟಿನ್ ಎಂದು ಅವಳು ಹೊರಟಾಗ ಅತ್ತೆ ಕೊಟ್ಟುಬಿಟ್ಟ ಮಣೆ ಕಾರಿನಲ್ಲಿ ಅವಳ ಗಿಟಾರ್ ಪಕ್ಕದಲ್ಲಿತ್ತು. ಅತ್ತೆ ಅಂದು ಬರಿನೆಲದ ಮೇಲೆ ಕೂತು ಉಂಡರು, ಎಡಗೈಯಿಂದ ಮೊಣಕಾಲಿನ ಮೇಲೆ ಅದೇ ತಾಳ ತಟ್ಟುತ್ತ.