ಮೂಲೇಲಿ ಕೂತಿದ್ದ ಕ್ಯಾಮೆರಾ

ಅಮೆರಿಕದ ಟೆಕ್ಸಸ್‌ನ ಯೂಲೆಸ್ ಅನ್ನೋ ಊರಲ್ಲಿ ಮಗನ ಅಪಾರ್ಟ್‌ಮೆಂಟಿನ ಮೇಲ್ಗಡೆ ಒಬ್ಬ ಚೀನಾ ಹುಡುಗಿ ಇದ್ದಳು. ಯಾವ ಕಂಪನಿಯ ಹಂಗೂ ಇಲ್ಲದೆ ತಾನೇ ನಮ್ಮಂಥವರ ದಿನನಿತ್ಯದ ಬದುಕಿನ ಸಿನಿಮಾ ತೆಗೀತಿದ್ದಳು. ನಮ್ಮ ಅಡುಗೆಮನೆ ಮೂಲೇಲಿ ಪುಟ್ಟ ಕ್ಯಾಮೆರಾ ಹಿಡ್ಕೊಂಡು ಕೂತ್ಕೊಳ್ಳೋಳು. ಏನೂ ಕೇಳ್ತಿರಲಿಲ್ಲ, ಏನೂ ಹೇಳ್ತಿರಲಿಲ್ಲ.

"ದಿನಾ ಹೇಗಿರ್ತೀರೋ ಹಾಗೇ ಇರಬೇಕಂತೆ ಅತ್ತೆ" ಅಂದಳು ಸೊಸೆ.

ನಾನು ರೇಷ್ಮೆ ಸೀರೆ ಉಟ್ಟು ಎರಡು ದಿನ ಕಾದೆ. ಲೈಟೂ ಇಲ್ಲ, 'ಸ್ಟಾರ್ಟ್' ಅನ್ನೋದೂ ಇಲ್ಲ. ಇನ್ನೂ ಶುರುವಾಗಿಲ್ಲ ಅಂದ್ಕೊಂಡು ಮೂರನೇ ದಿನ ಹಳೇ ಸೀರೇಲಿ, ಸೊಸೆ ಆಫೀಸಿಗೆ ಹೋದ ಮೇಲೆ, ಮೈಸೂರಿನ ತಂಗಿಗೆ ಫೋನ್ ಮಾಡಿದೆ.

"ಇವಳ ಸಾರು ಪಾತ್ರೆ ತೊಳೆದ ನೀರು ಕಣೇ. ನನ್ನ ಮಗ ಬಡಕಲಾಗಿ ಹೋದ!"

ಮಗ ಆಗ ತೊಂಬತ್ತು ಕೆಜಿ ಇದ್ದ. ಆ ಹುಡುಗಿ ಮೂಲೇಲೇ ಇದ್ದಳು, ಅವಳಿಗೆ ಕನ್ನಡ ಎಲ್ಲಿ ಬರಬೇಕು?

ಆಸ್ಟಿನ್ ಊರಲ್ಲಿ ಆ ಸಿನಿಮಾ ತೋರಿಸಿದಾಗ ಎಲ್ಲರೂ ಹೋದ್ವಿ. ಪರದೆ ಮೇಲೆ ನಾನು, ಕೈಲಿ ಫೋನು, ಕೆಳಗೆ ಆ ಸಾರಿನ ಮಾತೆಲ್ಲ ಇಂಗ್ಲಿಷ್ ಅಕ್ಷರದಲ್ಲಿ. ಜನ ಗೊಳ್ ಅಂತ ನಕ್ಕರು.

"ಅದನ್ನ ಇಂಗ್ಲಿಷಿಗೆ ಮಾಡಿದ್ದು ಯಾರು?" ಪಕ್ಕದಲ್ಲಿದ್ದ ಸೊಸೇನ ಕೇಳಿದೆ.

"ನಾನೇ ಅತ್ತೆ. ಹೋದ ತಿಂಗಳು."

ತಿಂಗಳಿಡೀ ನನಗೆ ಬಿಸಿಬಿಸಿ ಬಡಿಸಿದಾಳೆ, ಇದರ ಮಾತು ಒಂದ್ಸಲವೂ ಎತ್ತಿಲ್ಲ. ಸೀಟಿನ ಕೆಳಗೆ ತೂರ್ಕೊಳ್ಳೋಣ ಅನ್ನಿಸ್ತು.

"ನೀನು ಬೇಡ ಅಂದಿದ್ರೆ ಆ ಹುಡುಗಿ ತೆಗೆದುಹಾಕ್ತಿದ್ದಳಲ್ಲಮ್ಮ?"

"ತೆಗೀಲಾ ಅಂತ ಕೇಳಿದಳು. ನೀವು ಆಡಿದ್ದು ನಿಜ ತಾನೇ, ಇರಲಿ ಅಂದೆ."

ಅವಳ ಕೈ ಹಿಡ್ಕೊಂಡೆ. ಅವಳು ಬಿಡಿಸ್ಕೊಳ್ಳಲಿಲ್ಲ, ಆದರೆ ನನ್ನ ಕೈ ಹಿಡ್ಕೊಳ್ಳಲೂ ಇಲ್ಲ.